ಡೈರಿ ಸೆಕ್ರೆಟ್ರಿ ಪುಟ್ಟರಾಜು ಮತ್ತು ಜೋಳದ ಹೊಲದ ಹುಲಿ

ಪುಟ್ಟರಾಜು ಕೆಟ್ಟವನಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಕೆಟ್ಟವನ ಕತೆಯಾಗಿದ್ದರೆ ನಾವೆಲ್ಲ ಓದಿ, ಅವನಿಗೆ ನಾಲ್ಕು ಬೈದು, ಹಗುರಾಗಿ ಕಾಫಿಗೆ ಏಳಬಹುದಿತ್ತು. ಆ ಅನುಕೂಲ ಇಲ್ಲಿಲ್ಲ.

ಅರಕಲಗೂಡಿನಿಂದ ಕೊಡಗಿನ ಗಡಿಯ ಕಡೆಗೆ ಹೋಗುವ ರಸ್ತೆಯಲ್ಲಿ, ನೀಲಗಿರಿ ತೋಪು ಮುಗಿದು ಜೋಳದ ಹೊಲಗಳು ಶುರುವಾಗುವ ಕಡೆ ಅವನ ಊರು. ಹೆಸರು ಬರೆಯುವುದಿಲ್ಲ. ಬರೆದರೆ ಹೊಳೆನರಸೀಪುರದವರು, ಚನ್ನರಾಯಪಟ್ಟಣದವರು, ಹಾಸನದವರು ‘ಸದ್ಯ, ನಮ್ಮೂರಲ್ಲ’ ಎಂದು ಪೇಪರ್ ಮಡಚಿಡುತ್ತಾರೆ. ನಿಮ್ಮೂರು ಎಂದೇ ಓದಿಕೊಳ್ಳಿ.

ಆ ಊರಿನ ಹಾಲಿನ ಡೈರಿಗೆ ಪುಟ್ಟರಾಜು ಸೆಕ್ರೆಟ್ರಿ. ಐವತ್ತು ದಾಟಿದ ಆಳು, ಹೆಗಲ ಮೇಲೆ ಟವೆಲ್, ಕಣ್ಣಿಗೆ ಒಂದು ಕಡೆ ದಾರ ಕಟ್ಟಿದ ಕನ್ನಡಕ. ಬೆಳಿಗ್ಗೆ ಕತ್ತಲಿರುವಾಗಲೇ ಡೈರಿ ಬಾಗಿಲು ತೆಗೆದು, ಹಾಲಿನ ಮಿಷಿನ್ ಒರೆಸಿ, ಊದುಬತ್ತಿ ಹಚ್ಚಿ ಕೂರುತ್ತಿದ್ದ. ಸಾಲಿನಲ್ಲಿ ಯಾರು ಬರಲಿ, ಮಿಷಿನ್ ತೋರಿಸಿದ ಫ್ಯಾಟೇ, ಹಾಲಿಗೆ ದರ ಕಟ್ಟುವ ಕೊಬ್ಬಿನ ಅಂಕಿಯೇ, ಚೀಟಿಗೆ ಬರುತ್ತಿತ್ತು. ಹೆಂಡತಿಯ ತಮ್ಮನಿಗೂ ಒಂದು ಚುಕ್ಕೆ ಹೆಚ್ಚು ಹಾಕಿದವನಲ್ಲ. ಹಾಗೆಂದು ನೀರು ಬೆರೆಸಿದವರ ಮೇಲೆ ಕೂಗಾಡುತ್ತಲೂ ಇರಲಿಲ್ಲ. ಊರಿಗೆ ದೊಡ್ಡವನಾದ ತಮ್ಮಯ್ಯ ಪುಟ್ಟರಾಜುವಿನ ದೊಡ್ಡಪ್ಪನ ಮಗ. ಅವನ ಹಾಲು ತೆಳ್ಳಗಿದ್ದ ದಿನ ಪುಟ್ಟರಾಜು ಹೇಳಿದ್ದು ಇಷ್ಟೇ:

“ಅಣ್ಣ, ನಿನ್ನಸ ಇವತ್ತು ಬಾವಿಗಿಳ್ದು ಮಿಂದ್ಕಂಡ್ ಬಂದಂಗದೆ.”

ಸಾಲೆಲ್ಲ ನಕ್ಕಿತು. ತಮ್ಮಯ್ಯನೂ ನಗಬೇಕಾಯಿತು.

ಇನ್ನೊಂದು ಮಾತು. ಕೇರಿಯವರು ಹಸು ಕಟ್ಟಿ ಹಾಲು ತಂದ ಮೊದಲ ದಿನ, ಊರಿನ ಕೆಲವರು ಆ ಹಾಲಿಗೆ ಬೇರೆ ಕ್ಯಾನ್ ಇಡು ಎಂದರು. ಬಹಳ ಹಿಂದಿನ ಮಾತೇನಲ್ಲ. ಆಗ ಎಲ್ಲರ ಕೈಯಲ್ಲೂ ಮೊಬೈಲ್ ಬಂದಿತ್ತು. ಪುಟ್ಟರಾಜು ತಲೆ ಎತ್ತದೆ, “ನಾನ್ ನೋಡದು ಫ್ಯಾಟು ಕಣ್ರಪ್ಪ, ಮಿಷಿನ್ಗೆ ಕೇರಿ ಗೀರಿ ಗೊತ್ತಾಗಕಿಲ್ಲ” ಎಂದು ಆ ಹಾಲನ್ನು ಎಲ್ಲರ ಹಾಲಿನ ಕ್ಯಾನಿಗೇ ಸುರಿದ. ಅವತ್ತು ಹಾಲು ತಂದಿದ್ದಾಕೆ ಕೇರಿಯ ಬೈರಯ್ಯನ ಹೆಂಡತಿ ಪಾರ್ವತಮ್ಮ. ಆಕೆ ಆ ದಿನವನ್ನು ಮರೆಯಲಿಲ್ಲ. ಮರೆತಿದ್ದರೆ ಮುಂದಿನದು ಆಕೆಗೆ ಇಷ್ಟು ಉರಿಯುತ್ತಿರಲಿಲ್ಲ.

ಬೈರಯ್ಯ ಪುಟ್ಟರಾಜುವಿನ ವಾರಿಗೆಯವನು. ಇಬ್ಬರೂ ಒಂದೇ ಶಾಲೆಯಲ್ಲಿ ಕಲಿತವರು, ಬೇರೆ ಬೇರೆ ಬೆಂಚಿನಲ್ಲಿ. ಪುಟ್ಟರಾಜುವಿನ ಹೊಲದಲ್ಲಿ ಬಿತ್ತನೆಯಿಂದ ಒಕ್ಕಣೆಯವರೆಗೆ ಅವನ ಕೈ ಇರುತ್ತಿತ್ತು. ಸ್ವಂತಕ್ಕೆ ಒಂದು ಹಸು, ಕೆರೆ ಹಿಂದೆ ಒಂದು ತುಂಡು ಭೂಮಿ.

ಜೋಳ ತೆನೆಗಟ್ಟುವ ಕಾಲಕ್ಕೆ ಕಾಡುಹಂದಿ ಬರುತ್ತವೆ. ತಿನ್ನುವುದು ಒಂದು ಪಾಲಾದರೆ ಉರುಳಾಡಿ ಕೆಡವುವುದು ಮೂರು ಪಾಲು. ಬೇಲಿಗೆ ಹಳೇ ಸೀರೆ ಕಟ್ಟಿದರು. ಬಿಯರ್ ಬಾಟಲಿ ನೇತುಹಾಕಿ ಗಾಳಿಗೆ ಗಣಗಣ ಅನ್ನಿಸಿದರು. ಪಟಾಕಿ ಹೊಡೆದರು. ಹಂದಿಗಳು ಪಟಾಕಿಗೂ ಒಗ್ಗಿಕೊಂಡವು. ಕೊನೆಗೆ ಎಲ್ಲ ಊರಿನವರೂ ಮಾಡುವುದನ್ನೇ ಇವರೂ ಮಾಡಿದರು: ಬೈಕಿನ ಹಳೇ ಕ್ಲಚ್ ವೈರನ್ನು ಗ್ಯಾರೇಜಿನಿಂದ ತಂದು ಕುಣಿಕೆ ಮಾಡಿ, ಹಂದಿ ನುಸಿಯುವ ಬೇಲಿಸಂದಿಗೆ ಬಿಗಿದರು. ಅದೇ ಉರುಳು. ಅದು ಅಪರಾಧ ಎಂದು ಊರಿನ ಎಳೆಕೂಸಿಗೂ ಗೊತ್ತು.

ಬಿಗಿಯುತ್ತಿದ್ದವನು ಬೈರಯ್ಯ. ಬಿಗಿ ಎನ್ನುತ್ತಿದ್ದವನು ಪುಟ್ಟರಾಜು.

ಹಂದಿ ಬಿದ್ದ ದಿನ ಪುಟ್ಟರಾಜುವಿನ ಪಂಪ್‌ಸೆಟ್ ಮನೆಯ ಹಿಂದೆ ಗುಡ್ಡೆ ಬಾಡು. ಗೊತ್ತಿಲ್ಲದವರಿಗೆ ಹೇಳುತ್ತೇನೆ: ಬಾಡನ್ನು ಕುಯ್ದು, ಬಾಳೆ ಎಲೆಯ ಮೇಲೆ ಪಾಲುದಾರರು ಎಷ್ಟು ಜನರೋ ಅಷ್ಟು ಗುಡ್ಡೆ ಮಾಡುತ್ತಾರೆ. ಆಮೇಲೆ ಒಬ್ಬನನ್ನು ಬೆನ್ನು ತಿರುಗಿಸಿ ನಿಲ್ಲಿಸುತ್ತಾರೆ. ಇನ್ನೊಬ್ಬ ಒಂದು ಗುಡ್ಡೆಗೆ ಕಡ್ಡಿ ಮುಟ್ಟಿಸಿ “ಇದ್ಯಾರ್ದಪ್ಪ?” ಎನ್ನುತ್ತಾನೆ. ತಿರುಗಿ ನಿಂತವನು ಬಾಯಿಗೆ ಬಂದ ಹೆಸರು ಹೇಳುತ್ತಾನೆ. ಕಣ್ಣಿಗೆ ಕಾಣದವನು ಹೇಳಿದ್ದರಿಂದ ನನಗೆ ಮೂಳೆ ಬಂತು, ನಿನಗೆ ಮೆತ್ತನೆಯ ಈಲಿ ಬಂತು ಎಂಬ ಜಗಳವಿಲ್ಲ. ಹಾಗೆ ಬೆನ್ನು ತಿರುಗಿಸಿ ನಿಲ್ಲುತ್ತಿದ್ದವನು ಯಾವಾಗಲೂ ಪುಟ್ಟರಾಜು. ಬೈರಯ್ಯನಿಗೂ ಎಲ್ಲರ ಸಮ ಒಂದು ಗುಡ್ಡೆ ಇರಲೇಬೇಕು ಎಂದು ಹಟ ಹಿಡಿದವನೂ ಅವನೇ.

ಆ ಬಾಡನ್ನು ಊರಿನ ಅರ್ಧ ಮನೆಗಳು ತಿಂದವು. ಶಾಲೆಯ ಕಾಂಪೌಂಡಿನ ಮೇಲೆ ‘ಹುಲಿ ಉಳಿದರೆ ಕಾಡು, ಕಾಡು ಉಳಿದರೆ ನಾಡು’ ಎಂದು ದೊಡ್ಡ ಅಕ್ಷರದಲ್ಲಿ ಬರೆಸಿದ ಪಂಚಾಯ್ತಿ ಮೆಂಬರ್ ಕೂಡ ತನ್ನ ಗುಡ್ಡೆಯನ್ನು ಬ್ಯಾಗಿಗೆ ಹಾಕಿಕೊಂಡು ಹೋದ.

ಹುಲಿ ಬಿದ್ದದ್ದು ಕಳೆದ ವರ್ಷದ ಗಣೇಶನ ಹಬ್ಬ ಕಳೆದ ವಾರ.

ಆಮೇಲೆ ಕೊಯ್ದು ನೋಡಿದ ಡಾಕ್ಟರು ಹೇಳಿದಂತೆ ಅದು ಈಗಷ್ಟೇ ಪ್ರಾಯಕ್ಕೆ ಬಂದ ಗಂಡು. ನಾಗರಹೊಳೆ ಕಡೆಯಿಂದ ಬಂದಿರಬೇಕು. ಮರಿ ಬಲಿತ ಮೇಲೆ ತಾಯಿ ಜೊತೆಗಿಟ್ಟುಕೊಳ್ಳುವುದಿಲ್ಲ, ಕಾಡಿನೊಳಗೆ ಮೊದಲೇ ನೆಲೆ ನಿಂತ ದೊಡ್ಡ ಗಂಡುಗಳು ಬಿಟ್ಟುಕೊಳ್ಳುವುದಿಲ್ಲ. ಹೊಸ ಜಾಗ ಹುಡುಕುತ್ತಾ ತೋಪು, ಹಳ್ಳ, ಹೊಳೆದಂಡೆ ಹಿಡಿದು ನಡೆದುಬಿಡುತ್ತವೆ. ರಾಜ್ಯದಲ್ಲಿ ಹುಲಿ ಹೆಚ್ಚಿವೆ ಎಂದು ನಾವು ಎದೆ ತಟ್ಟಿಕೊಳ್ಳುತ್ತೇವಲ್ಲ, ಹೆಚ್ಚಿದ ಹುಲಿ ಕಾಲಿಡುವುದೆಲ್ಲಿ ಎಂದು ಕೇಳಿದರೆ ಎಲ್ಲರೂ ಪಕ್ಕದ ತಾಲ್ಲೂಕಿನ ಕಡೆ ಕೈ ತೋರಿಸುತ್ತೇವೆ. ಅದು ಹಗಲೆಲ್ಲ ನೀಲಗಿರಿ ತೋಪಿನಲ್ಲಿ ಮಲಗಿ ಯಾರ ಕೊಟ್ಟಿಗೆಗೂ ಬಾಯಿ ಹಾಕದೆ ನಡೆದು ಬಂದಿತ್ತು. ಜೋಳದ ಬೇಲಿಸಂದಿಯಲ್ಲಿ ನುಸಿಯಿತು. ಕ್ಲಚ್ ವೈರು ಸೊಂಟಕ್ಕೆ ಬಿಗಿಯಿತು.

ಬೆಳಗಾಗುವ ಹೊತ್ತಿಗೆ ಬೈರಯ್ಯ ಡೈರಿ ಬಾಗಿಲಿಗೆ ಓಡಿ ಬಂದ. ಹಾಲಿನ ಸಾಲು ಇನ್ನೂ ಬೆಳೆದಿರಲಿಲ್ಲ. ತಮ್ಮಯ್ಯ ಕಟ್ಟೆಯ ಮೇಲೆ ಬೀಡಿ ಹಚ್ಚಿ ಕೂತಿದ್ದ.

“ಗೌಡ್ರೆ, ವಲದ್ ತಕೆ ಬನ್ನಿ ಬಿರ್ನೆ.”

“ಬಿತ್ತೇನ್ಲಾ? ದೊಡ್ಡದಾ?” ಎಂದ ಪುಟ್ಟರಾಜು.

“ಅಂದಿ ಅಲ್ಲ ಗೌಡ್ರೆ.”

“ಮತ್ತೇನು, ತಮ್ಮಯ್ಯಣ್ಣನ ಕರಾನಾ?”

ಬೈರಯ್ಯ ನಗಲಿಲ್ಲ. ಡೈರಿಯ ಹುಡುಗನಿಗೆ ಮಿಷಿನ್ ಒಪ್ಪಿಸಿ ಮೂವರೂ ಹೋದರು.

ಬೇಲಿಯ ಆ ಕಡೆ ಜೋಳ ಒಂದು ಕಣದಷ್ಟು ಅಗಲ ನೆಲಕ್ಕೆ ಒರಗಿತ್ತು. ನಡುವೆ ಹುಲಿ ಕೂತಿತ್ತು. ಎದ್ದು ಹಾರಲು ನೋಡಿತು, ವೈರು ಜಗ್ಗಿ ಹಿಂದಕ್ಕೆ ಕೆಡವಿತು. ಆಮೇಲೆ ಹಾರಲಿಲ್ಲ. ಹೊಟ್ಟೆಯ ಬಿಳಿ ಕೂದಲು ಕೆಂಪಾಗಿತ್ತು. ಇಂಥದನ್ನು ಮೂವರೂ ಟೀವಿಯಲ್ಲಿ ಬಿಟ್ಟರೆ ಬೇರೆಲ್ಲೂ ಕಂಡವರಲ್ಲ. ಚಿರತೆ ಕಂಡಿದ್ದರು, ಅದು ಈ ಕಡೆ ನಾಯಿಯಷ್ಟು ಸಾಮಾನ್ಯ. ಇದು ಪಟ್ಟೆ ಹುಲಿ.

“ಫಾರೆಸ್ಟ್ನೋರ್ಗೆ ಫೋನ್ ಮಾಡಿ ಗೌಡ್ರೆ. ಇನ್ನೂ ಜೀವ ಗಟ್ಯಾಗದೆ,” ಎಂದ ಬೈರಯ್ಯ.

ಪುಟ್ಟರಾಜು ಫೋನ್ ತೆಗೆದ. ತಮ್ಮಯ್ಯ ಅವನ ಮಣಿಕಟ್ಟು ಹಿಡಿದುಕೊಂಡ.

“ತಡಿಯೋ ಮಾರಾಯ. ಅವ್ರು ಬಂದ್ರೆ ವಲ ಎಲ್ಲಾ ತಡಕಾಡ್ತಾರೆ. ಈ ಬೇಲಿ ತುಂಬ ನಿನ್ ಉರ್ಳೇ ಅವೆ. ಒಂದಾದ್ರೆ ಯಾರೋ ಆಕಿ ಓದ್ರು ಅನ್ಬೋದು. ಅಷ್ಟೂ ಸಿಕ್ರೆ ಏನಂದಿಯೆ? ಮದ್ಲು ಉರ್ಳೆಲ್ಲ ಕೀಳಿ. ಆಮ್ಯಾಕ್ ಮಾಡು.”

“ಅದು ಒದ್ದಾಡ್ತಾ ಅದಲ್ಲಣ್ಣ.”

“ಒದ್ದಾಡ್ಲಿ. ನೀನ್ ಜೈಲ್ ಒಳೀಕ್ ಓದ್ರೆ ನಿಮ್ಮವ್ವನ್ ಯಾರ್ ನೋಡ್ಕತಾರೆ?”

ಪುಟ್ಟರಾಜು ಫೋನನ್ನು ಜೇಬಿಗೆ ಇಳಿಸಿದ.

ಆಮೇಲೆ ಆ ಮೂವರು ಮಾಡಿದ ಕೆಲಸವನ್ನು ಬರೆಯಲು ನನ್ನ ಕೈಯೇ ನಾಚುತ್ತದೆ. ಬೇಲಿ ಉದ್ದಕ್ಕೂ ಬಗ್ಗಿ ಬಗ್ಗಿ ಒಂದೊಂದೇ ಉರುಳು ಬಿಚ್ಚಿದರು. ಬಿಗಿಯಾಗಿ ಕಟ್ಟಿದ್ದ ವೈರು ಬೇಗ ಬಿಚ್ಚಿಕೊಳ್ಳಲಿಲ್ಲ. ಆ ಹೊತ್ತೆಲ್ಲ ಹುಲಿ ಅವರನ್ನು ನೋಡುತ್ತಿತ್ತು. ಒಮ್ಮೊಮ್ಮೆ ಉಸಿರೆಳೆದು ಗುರುಗುಟ್ಟುತ್ತಿತ್ತು, ಅಷ್ಟೆ. ಬಿಚ್ಚಿದ ವೈರನ್ನೆಲ್ಲ ಸುತ್ತಿ ಪಂಪ್‌ಸೆಟ್ ಹತ್ತಿರದ ಬತ್ತಿದ ಬಾವಿಗೆ ಎಸೆದು, ಕೈ ತೊಳೆದುಕೊಂಡು, ಪುಟ್ಟರಾಜು ಫೋನ್ ಮಾಡುವ ಹೊತ್ತಿಗೆ ಹಾಲಿನ ಲಾರಿ ಬಂದು ಹೋಗಿ ಬಿಸಿಲು ಏರಿತ್ತು.

ಇಲಾಖೆಯವರು ಬೇಗನೇ ಬಂದರು. ಅವರಿಗಿಂತ ಮೊದಲು ಜನ ಬಂದಿದ್ದರು. ಬೈಕು, ಆಟೋ, ಟ್ರ್ಯಾಕ್ಟರ್. ಮಕ್ಕಳನ್ನು ಹೆಗಲ ಮೇಲೆ ಕೂರಿಸಿಕೊಂಡು ಬಂದವರು. ಎಲ್ಲರ ಕೈಯೂ ಮೇಲೆ, ಎಲ್ಲರ ಕೈಯಲ್ಲೂ ಫೋನು. ಒಬ್ಬ ಹುಲಿಯ ಕಡೆ ಬೆನ್ನು ಹಾಕಿ ಹೆಂಡತಿಗೆ ವೀಡಿಯೋ ಕಾಲ್ ಮಾಡಿ “ಕಾಣ್ತದಾ? ನನ್ ಇಂದ್ಗಡೆ ನೋಡು” ಎನ್ನುತ್ತಿದ್ದ. ಜನ ಶಿಳ್ಳೆ ಹೊಡೆದಾಗಲೆಲ್ಲ ಹುಲಿ ಎದ್ದು ಜಗ್ಗುತ್ತಿತ್ತು. ಜಗ್ಗಿದಾಗಲೆಲ್ಲ ವೈರು ಒಳಕ್ಕೆ ಇಳಿಯುತ್ತಿತ್ತು. ಪೊಲೀಸರು ಲಾಠಿ ಬೀಸಿ ಜನರನ್ನು ಹಿಂದಕ್ಕೆ ತಳ್ಳಿ, ಡಾಕ್ಟರು ಮಂಪರಿನ ಸೂಜಿ ಹೊಡೆದು, ವೈರು ಕತ್ತರಿಸಿದಾಗ ಹೊಟ್ಟೆಯೊಳಗಿನದು ಹೊರಗೆ ಬಂದಿತ್ತು. ಹುಲಿ ಮತ್ತೆ ಏಳಲಿಲ್ಲ.

ಡಾಕ್ಟರು ಗ್ಲೌಸು ಬಿಚ್ಚುತ್ತಾ ಯಾರನ್ನೂ ನೋಡದೆ ಹೇಳಿದರಂತೆ: “ಸ್ವಲ್ಪ ಮುಂಚೆ ಗೊತ್ತಾಗಿದ್ದರೆ ಉಳಿಸಬಹುದಿತ್ತು.”

ಪುಟ್ಟರಾಜು ಹತ್ತಿರವೇ ನಿಂತಿದ್ದ.

ಸತ್ತ ಹುಲಿಯನ್ನು ಹಾಗೆಯೇ ಬಿಡುವಂತಿಲ್ಲ. ಉಗುರು, ಹಲ್ಲು, ಮೀಸೆ ಏನೂ ಕಳೆಯದಂತೆ ಅಧಿಕಾರಿಗಳ ಮುಂದೆಯೇ ಸುಡಬೇಕು. ಅದೇ ಹೊಲದ ಬದುವಿನಲ್ಲಿ ಸೌದೆ ಒಟ್ಟಿದರು. ಬೆಂಕಿ ಹಿಡಿಯುವ ಮುಂಚೆ ತಮ್ಮಯ್ಯ ಒಬ್ಬ ಗಾರ್ಡಿನ ಕಿವಿಯ ಬಳಿ ಹೋಗಿ, “ಸಾ, ಒಂದೇ ಒಂದ್ ಉಗ್ರು ಸಿಕ್ಕದಾ? ಮೊಮ್ಮಗೀಗೆ ಕೊರ್ಳಿಗ್ ಕಟ್ಟಾಕೆ. ರಾತ್ರಿ ಬೆಚ್ಕತದೆ,” ಎಂದ.

ಗಾರ್ಡ್ ಅವನ ಮುಖ ನೋಡಿದ. “ಬೆಚ್ಚಬೇಕಾದ್ದು ಆ ಮಗುವಲ್ಲ ಯಜಮಾನರೇ,” ಎಂದು ಸೌದೆ ಕಡೆ ಹೋದ.

ಉರುಳು ಯಾರದು? ರೇಂಜರ್ ಕೇಳಿದ ಪ್ರಶ್ನೆ ಅದು. ನಾಳೆ ಬೆಳಿಗ್ಗೆಯೊಳಗೆ ಹೇಳಿ, ಇಲ್ಲದಿದ್ದರೆ ಹೊಲದ ಯಜಮಾನನಿಂದಲೇ ಶುರು ಮಾಡುತ್ತೇವೆ ಎಂದು ಹೋದರು. ಅವತ್ತು ಸಂಜೆ ಹಾಲು ಅಳೆದು ಮುಗಿದ ಮೇಲೆ ಡೈರಿ ಬಾಗಿಲು ಒಳಗಿಂದ ಹಾಕಿಕೊಂಡಿತು. ಊರಿನ ದೊಡ್ಡವರು ಕುರ್ಚಿ, ಬೆಂಚುಗಳ ಮೇಲೆ. ಬೈರಯ್ಯ ಗೋಡೆಗೊರಗಿ ನಿಂತಿದ್ದ.

ಮಾತಾಡಿದ್ದು ತಮ್ಮಯ್ಯನೇ. “ನೋಡು ಬೈರ, ಪುಟ್ರಾಜು ಒಳೀಕ್ ಓದ್ರೆ ಡೈರಿ ಮುಚ್ಚೋಯ್ತದೆ, ಊರ್ನೋರ್ ಬಾಯ್ಗೆಲ್ಲ ಮಣ್ಣು. ಕಟ್ಟಿದ್ದು ಹೆಂಗೂ ನೀನೇ. ನಾನೇ ಅಂದ್ಬುಡು. ವಾರಕ್ಕೆಲ್ಲ ಬೇಲ್ ಮಾಡುಸ್ತೀವಿ. ಮನೆ ಕಡೀಗೆ ನಾವ್ ನೋಡ್ಕತೀವಿ.”

“ಕಟ್ಟಿದ್ದು ನಾನೇಯ,” ಎಂದ ಬೈರಯ್ಯ. “ಇಲ್ಲ ಅನ್ನಕಿಲ್ಲ. ಕಟ್ಟು ಅಂದೋರು?”

ಅವನು ಅದನ್ನು ಕೇಳಿದ್ದು ತಮ್ಮಯ್ಯನನ್ನಲ್ಲ. ಪುಟ್ಟರಾಜುವಿನ ಕಡೆಗೆ ತಿರುಗಿ ಕೇಳಿದ. ಪುಟ್ಟರಾಜು ಹಾಲಿನ ಕ್ಯಾನಿನ ಮುಚ್ಚಳವನ್ನು ತಿರುಗಿಸಿ ತಿರುಗಿಸಿ ಹಾಕುತ್ತಿದ್ದ. ಸರಿಯಾಗಿ ಕೂತಿದ್ದ ಮುಚ್ಚಳವನ್ನೇ ತೆಗೆದು ಮತ್ತೆ ಕೂರಿಸುತ್ತಿದ್ದ. ಬೈರಯ್ಯ ಬಹಳ ಹೊತ್ತು ಕಾದ. ಒಂದೇ ಮಾತು ಸಾಕಿತ್ತು. ‘ನಾನು’ ಎನ್ನುವಷ್ಟು ಸಾಕಿತ್ತು.

ಹಂದಿ ಬಿದ್ದಾಗ ಊರಿಗೆಲ್ಲ ಗುಡ್ಡೆ ಹಂಚಿದ್ದರು. ಹುಲಿ ಬಿದ್ದಾಗ ಗುಡ್ಡೆ ಒಂದೇ ಆಯಿತು, ಅದು ಯಾರದೆಂದು ಬೆನ್ನು ತಿರುಗಿಸಿ ಕೇಳುವ ಅಗತ್ಯವೂ ಬೀಳಲಿಲ್ಲ.

ಬೆಳಿಗ್ಗೆ ರೇಂಜರ್ ಬಂದಾಗ ಬೈರಯ್ಯ ಮುಂದೆ ಬಂದು “ನಾನೇ ಸಾ” ಎಂದ. ರೇಂಜರ್ ಅಷ್ಟಕ್ಕೆ ಬಿಡಲಿಲ್ಲ, ಪುಟ್ಟರಾಜುವನ್ನು ಕರೆದು, ಬೈರಯ್ಯನ ಎದುರಿಗೇ, “ಹೊಲ ನಿಮ್ಮದು. ಇವರು ಉರುಳು ಹಾಕಿದ್ದು ನಿಮಗೆ ಗೊತ್ತಿತ್ತಾ?” ಎಂದರು.

“ಇಲ್ಲ ಸಾ. ನಂಗ್ ಗೊತ್ತಿರ್ನಿಲ್ಲ.”

ಹಿಂದಿನ ಸಂಜೆ ಅವನು ಸುಮ್ಮನಿದ್ದ. ಅದನ್ನು ಹೆದರಿಕೆ ಎನ್ನಬಹುದು. ಇದು ಸುಮ್ಮನಿದ್ದದ್ದಲ್ಲ. ಇದು ಬಾಯಿ ತೆರೆದು ಆಡಿದ ಮಾತು. ಬೈರಯ್ಯ ಜೀಪು ಹತ್ತಿದ. ಹಾಸನದ ಜೈಲು ಸೇರಿದ.

ವಾರದಲ್ಲಿ ಬೇಲ್ ಆಗಲಿಲ್ಲ. ಸತ್ತದ್ದು ಹುಲಿ, ಕಾನೂನು ಅಲ್ಲಿ ಬಿಗಿ, ಬಿಗಿ ಇರಬೇಕಾದ್ದೇ. ಒಂದು ಸಲ ಅರ್ಜಿ ಹೋಗಿ ತಳ್ಳಿಹೋಯಿತು. ತಮ್ಮಯ್ಯ ಕಳಿಸಿದ ಒಂದು ಮೂಟೆ ಅಕ್ಕಿಯೊಂದಿಗೆ ‘ನಾವ್ ನೋಡ್ಕತೀವಿ’ ಎಂಬುದೂ ಮುಗಿಯಿತು. ಜೋಳ ಮುರಿದರು, ದೀಪಾವಳಿ ಬಂತು, ಹೋಯಿತು. ಊರು ಮರೆಯಿತು. ಮರೆಯದವರು ಮೂವರು: ಜೈಲಿನಲ್ಲಿದ್ದವನು, ಅವನ ಹೆಂಡತಿ, ಮತ್ತು ದಿನಕ್ಕೆರಡು ಸಲ ಅವಳ ಹಾಲು ಅಳೆಯಬೇಕಾದವನು.

ಪಾರ್ವತಮ್ಮ ಜಗಳ ತೆಗೆಯಲಿಲ್ಲ. ಸಾಲಿನಲ್ಲಿ ನಿಲ್ಲುತ್ತಿದ್ದಳು, ಹಾಲು ಸುರಿಯುತ್ತಿದ್ದಳು, ಚೀಟಿ ಸೆರಗಿಗೆ ಕಟ್ಟಿಕೊಂಡು ಹೋಗುತ್ತಿದ್ದಳು. ಮುಂಚೆ “ಸೆಕ್ರೆಟ್ರಣ್ಣ, ಕಾಪಿ ಆಯ್ತಾ?” ಎನ್ನುತ್ತಿದ್ದವಳು ಈಗ ಏನೂ ಅನ್ನುತ್ತಿರಲಿಲ್ಲ.

ಇಲ್ಲಿ ಪುಟ್ಟರಾಜು ಒಂದು ಕೆಲಸ ಮಾಡಿದ. ಡೈರಿ ಸೆಕ್ರೆಟ್ರಿಯಾದವನು ಮಾತ್ರ ಮಾಡಬಲ್ಲ ಪ್ರಾಯಶ್ಚಿತ್ತ ಅದು. ಅವನ ಮಿಷಿನ್ ಹಳೆಯದು. ತೋರಿಸಿದ ಅಂಕಿಯನ್ನು ಕೈಯಿಂದ ಒತ್ತಿದರೆ ಚೀಟಿ ಬರುತ್ತದೆ. ಯಾರಿಗೂ ಒಂದು ಚುಕ್ಕೆ ಹೆಚ್ಚು ಹಾಕದವನು, ಪಾರ್ವತಮ್ಮನ ಹಾಲಿಗೆ ದಿನಾ ಒಂದಿಷ್ಟು ಫ್ಯಾಟು ಹೆಚ್ಚು ಒತ್ತತೊಡಗಿದ. ಮೊದಲು ಕೊಂಚ, ಆಮೇಲೆ ಇನ್ನೂ ಕೊಂಚ. ಗಂಡನನ್ನು ಜೈಲಿಗೆ ಕಳಿಸಿ ಹೆಂಡತಿಗೆ ಫ್ಯಾಟು! ಅದರಿಂದ ಅವನಿಗೆ ನಿದ್ದೆ ಬರುತ್ತಿತ್ತೋ ಏನೋ.

ಒಂದು ಬೆಳಿಗ್ಗೆ ಆಕೆ ಚೀಟಿ ಓದಿ ಅಲ್ಲೇ ನಿಂತಳು. ಹಿಂದೆ ಉದ್ದ ಸಾಲಿತ್ತು.

“ಏನ್ ಸೆಕ್ರೆಟ್ರಣ್ಣ, ನಮ್ಮಸ ರಾತ್ರೋರಾತ್ರಿ ಎಮ್ಮೆ ಆಗ್ಬುಡ್ತಾ?”

ಸಾಲು ನಕ್ಕಿತು. ಆಕೆ ನಗಲಿಲ್ಲ.

“ಮಿಷಿನ್ ತೋರ್ಸಿದ್ದು ಕಣಕ್ಕ,” ಎಂದ ಪುಟ್ಟರಾಜು.

“ಅದ್ರ ಮುಂದ್ಕೆ ನಾನ್ ಆಕದು ಬರೀ ಒಣ್ಗಿದ್ ಜೋಳದ್ ಸೆಪ್ಪೆ. ಇಂಡಿ ಕಂಡು ಎಷ್ಟ್ ದಿನಾಯ್ತೋ. ಇಷ್ಟ್ ಫ್ಯಾಟು ಎಲ್ಲಿಂದ್ ಬತ್ತದೆ? ಇನ್ನೊಂದ್ ಕಿತ ನೋಡಿ. ಇವ್ರೆಲ್ರ ಮುಂದೇನೆ ನೋಡಿ.”

“ಬುಡಕ್ಕ, ಇಂದೆ ಜನ ಕಾಯ್ತಾವ್ರೆ.”

“ಕಾಯ್ಲಿ. ಕಾಯದ್ ನಾನೂ ಕಲ್ತಿವ್ನಿ.”

ಅವನು ಮತ್ತೆ ಹಾಲು ಹಾಕಿ ನೋಡಬೇಕಾಯಿತು. ಹಿಂದಿದ್ದವರು ಕುತ್ತಿಗೆ ಚಾಚಿ ನೋಡಿದರು. ನಿಜವಾದ ಅಂಕಿ ಎಲ್ಲರಿಗೂ ಕಂಡಿತು. ಯಾರೂ ನಗಲಿಲ್ಲ.

“ಇದು ನಮ್ದು,” ಎಂದಳು ಪಾರ್ವತಮ್ಮ. “ಇಷ್ಟನ್ನೇ ಬರ್ಕೊಡಿ. ಮಿಕ್ಕಿದ್ದು ನಿಮ್ಮತ್ರಾನೇ ಇರ್ಲಿ. ಅವತ್ತು ನಮ್ ಆಲ್ನ ಎಲ್ರ ಆಲ್ಗೆ ಉಯ್ದಾಗ ನೀವು ದೊಡ್ ಮನುಸ್ರು ಅಂದ್ಕಂಡಿದ್ದೆ. ನಮ್ ಯಜಮಾನ್ರು ಅಲ್ಲಿಂದ ಬಂದ್ಮ್ಯಾಲೆ ಯೋಳ್ಬೇಕಲ್ಲ, ನಿನ್ ಬದ್ಲು ಫ್ಯಾಟು ಕೊಟ್ರು ಅಂತವಾ?”

ಹೊಸ ಚೀಟಿ ಇಸಿದುಕೊಂಡು ಹೋದಳು.

ಅವತ್ತು ಪುಟ್ಟರಾಜು ತಿಂಡಿಗೆ ಕೂರಲಿಲ್ಲ. ಅವನ ತಾಯಿ ಸುಬ್ಬಮ್ಮನ ಕಿವಿಗೆ ಡೈರಿಯ ಸುದ್ದಿ ಅವನಿಗಿಂತ ಮೊದಲೇ ತಲುಪಿತ್ತು. ಎಂಬತ್ತರ ಆಸುಪಾಸಿನ ಮುದುಕಿ, ಜಗುಲಿಯ ಮೇಲೆ ಅವರೆಕಾಯಿ ಸುಲಿಯುತ್ತಾ ಕೂತಿದ್ದಳು.

“ಅವ್ಳು ನಿನ್ ಮಕಕ್ ಉಗ್ದಿದ್ರೆ ಒಳ್ಳೇದಿತ್ತು ಕಣ್ಲಾ,” ಎಂದಳು. “ತೊಳ್ಕಂಡ್ ಬುಟ್ಟಿರ್ಬೋದಿತ್ತು.”

“ನಾನ್ ಒಳೀಕ್ ಓದ್ರೆ ನಿನ್ ಯಾರವ್ವ ನೋಡ್ಕತಾರೆ?”

“ಅವ್ನೆಡ್ತೀನ ಯಾರ್ ನೋಡ್ಕತಾವ್ರೆ? ನನ್ನೆಸ್ರು ಅಡ್ಡ ಇಟ್ಕಬ್ಯಾಡ. ನಾನೇನ್ ಕೇಳಿದ್ನಾ ನಿಂಗೆ?”

ಪುಟ್ಟರಾಜು ಎದ್ದು ಬೈಕ್ ಹತ್ತಿದ. ರೇಂಜ್ ಆಫೀಸಿನ ಮುಂದೆ ಒಂದು ಸಲ ನಿಲ್ಲಿಸದೆ ಮುಂದೆ ಹೋದ. ಪೆಟ್ರೋಲ್ ಬಂಕಿನವರೆಗೂ ಹೋಗಿ ತಿರುಗಿಸಿಕೊಂಡು ಬಂದು ರೇಂಜರ್ ಎದುರು ಕೂತ. ಇದನ್ನು ಅವನೇ ನನಗೆ ಹೇಳಿದ್ದು. ಹೇಳುವಾಗಲೂ ನೆಲ ನೋಡುತ್ತಿದ್ದ.

“ಉರ್ಳು ನಾನ್ ಯೋಳಿ ಆಕ್ಸಿದ್ದು ಸಾ. ಬೈರ ನನ್ ಮಾತ್ ಕೇಳ್ದ, ಅಷ್ಟೆಯ.”

“ಅವತ್ತು ಕೇಳಿದಾಗ ಗೊತ್ತಿಲ್ಲ ಅಂದಿರಲ್ಲ?” ಎಂದರು ರೇಂಜರ್.

“ಸುಳ್ ಯೋಳ್ದೆ ಸಾ.”

ರೇಂಜರ್ ಬರೆದುಕೊಳ್ಳತೊಡಗಿದರು. ಪುಟ್ಟರಾಜು ಏಳಲಿಲ್ಲ.

“ಇನ್ನೊಂದದೆ ಸಾ. ನಿಮ್ಗೆ ಫೋನ್ ಮಾಡಕ್ ಮುಂಚೆ ನಾನು ಮಿಕ್ಕಿದ್ ಉರ್ಳೆಲ್ಲ ಕಿತ್ತೆ. ಉಲಿ ಒದ್ದಾಡ್ತಾನೇ ಇತ್ತು. ಡಾಕ್ಟ್ರು ಮುಂಚೆ ಗೊತ್ತಾಗಿದ್ರೆ ಅಂದ್ರಲ್ಲ... ಆ ಮುಂಚೆ ಅನ್ನದು ನನ್ ಕೈಲಿತ್ತು ಸಾ.”

ರೇಂಜರ್ ಪೆನ್ನು ಕೆಳಗಿಟ್ಟರು. “ಇದನ್ನ ನಿಮ್ಮನ್ನ ಯಾರೂ ಕೇಳಿರಲಿಲ್ಲ.”

“ಅದ್ಕೇಯ ಯೋಳ್ತಾ ಇರದು.”

ಬಾವಿ ತೋರಿಸಿದ. ವೈರಿನ ಸುರುಳಿ ಮೇಲೆ ಬಂತು. ಆದರೆ ಆ ಬೆಳಿಗ್ಗೆ ಮಣಿಕಟ್ಟು ಹಿಡಿದವನ ಹೆಸರನ್ನು ಅವನು ಹೇಳಲಿಲ್ಲ. ಸತ್ಯ ಹೇಳಲು ಹೊರಟವನು ದೊಡ್ಡಪ್ಪನ ಮಗನ ಮನೆ ಬಾಗಿಲಿಗೆ ಬಂದಾಗ ನಿಂತುಬಿಟ್ಟ. ಅದಕ್ಕಾಗಿ ಅವನ ಮೇಲೆ ನನಗೆ ಇನ್ನೂ ಸಿಟ್ಟಿದೆ. ಬೈರಯ್ಯ ನನಗೆ ಎಲ್ಲ ಹೇಳಿದ. ಊರಿನಲ್ಲೂ ಎಲ್ಲರಿಗೂ ಗೊತ್ತು. ಗೊತ್ತಿದ್ದೂ ಮೊನ್ನೆ ಜುಲೈನಲ್ಲಿ ಶಾಲೆಯಲ್ಲಿ ಹುಲಿ ದಿನ ಮಾಡಿದಾಗ ಮಕ್ಕಳ ಕೆನ್ನೆಗೆ ಹಳದಿ ಕಪ್ಪು ಬಳಿದು, ದೀಪ ಹಚ್ಚಲು ಕರೆದದ್ದು ತಮ್ಮಯ್ಯನನ್ನೇ. ಹಚ್ಚಿದ. ಹುಲಿ ನಮ್ಮ ಹೆಮ್ಮೆ ಎಂದು ಮಾತಾಡಿದ. ಶಾಲು ಹೊದಿಸಿಕೊಂಡ. ಕೆನ್ನೆಗೆ ಬಣ್ಣ ಬಳಿದುಕೊಂಡ ಮಕ್ಕಳು ಚಪ್ಪಾಳೆ ತಟ್ಟಿದವು. ಆ ಮಕ್ಕಳ ಮುಂದೆ ನಾವು ಯಾವ ಮುಖ ಇಟ್ಟುಕೊಂಡು ನಿಲ್ಲುವುದು?

ಊರು ಪುಟ್ಟರಾಜುವಿನ ಮೇಲೆ ತಿರುಗಿಬಿತ್ತು. ಅವನು ಸುಳ್ಳು ಹೇಳಿದಾಗ ಯಾರಿಗೂ ಏನೂ ಅನ್ನಿಸಿರಲಿಲ್ಲ. ನಿಜ ಹೇಳಿದ್ದನ್ನು ಯಾರೂ ಸಹಿಸಲಿಲ್ಲ. ತಮ್ಮಯ್ಯ ಬೀದಿಯಲ್ಲಿ ನಿಂತು, “ಒಬ್ಬ ಓಗಿದ್ದ, ಸರಿಯೋಗಿತ್ತು. ಇವ್ನ್ಯಾರು ಸತ್ಯರಿಶ್ಚಂದ್ರ, ಊರ್ನೆಲ್ಲ ಬೀದೀಗ್ ಎಳ್ದ?” ಎಂದು ಕೂಗಿದ. ಸೆಕ್ರೆಟ್ರಿ ಕೆಲಸ ಹೋಯಿತು. ಪುಟ್ಟರಾಜುವೂ ಒಳಗೆ ಹೋದ. ಅವನ ಹೇಳಿಕೆ ಇಟ್ಟುಕೊಂಡು ಲಾಯರು ಮತ್ತೆ ಅರ್ಜಿ ಹಾಕಿದ ಮೇಲೆ, ಸಂಕ್ರಾಂತಿ ಕಳೆದು, ಬೈರಯ್ಯನಿಗೆ ಬೇಲ್ ಸಿಕ್ಕಿತು. ಪುಟ್ಟರಾಜು ಹೊರಗೆ ಬಂದದ್ದು ಯುಗಾದಿ ಹೊತ್ತಿಗೆ.

ಇಬ್ಬರೂ ಮೊದಲ ಸಲ ಎದುರಾದದ್ದು ಕೋರ್ಟಿನ ವರಾಂಡದಲ್ಲಿ. ಪೇಪರಿಗೆ ಬರೆಯಲೆಂದು ನಾನೂ ಅಲ್ಲಿಗೆ ಹೋಗಿದ್ದೆ. ಒಂದೇ ಬೆಂಚಿನ ಎರಡು ತುದಿಯಲ್ಲಿ ಕೂತಿದ್ದರು. ಬೈರಯ್ಯ ಇಳಿದುಹೋಗಿದ್ದ, ಅಂಗಿ ಮೈಮೇಲೆ ಜೋತುಬಿದ್ದಿತ್ತು. ಪುಟ್ಟರಾಜು ಟವೆಲ್ಲಿನ ಅಂಚು ಸುತ್ತುತ್ತಾ ಹೇಳಿದ:

“ಬೈರ, ನಾಕ್ ಬೈದ್ಬುಡೋ.”

“ಯಾಕೆ?”

“ಬೈದ್ರೆ ನಂಗ್ ಸ್ವಲ್ಪ...”

“ನಿಮ್ಗ್ ಸ್ವಲ್ಪ ಅಗುರಾಯ್ತದೆ. ಅದೂ ನಾನೇ ಮಾಡ್ಕೊಡ್ಬೇಕಾ ಗೌಡ್ರೆ?”

ಬೈರಯ್ಯ ಎದುರಿನ ಗೋಡೆ ನೋಡುತ್ತಾ, ಯಾರಿಗೂ ಅಲ್ಲದ ಹಾಗೆ ಮಾತಾಡಿದ.

“ನೀವು ನನ್ ಬಗ್ಗೆ ಸುಳ್ ಯೋಳಿದ್ನ ನಾನು ಮರ್ತಾದ್ರೂ ಮರ್ತೇನು. ಉಲೀನ ಮರ್ಯಕ್ಕಾಗ್ತಾ ಇಲ್ಲ. ತಮ್ಮಯ್ಯ ನಿಮ್ ಕೈ ಇಡ್ಕಂಡ, ಸರಿ. ನನ್ ಕೈ ಯಾರೂ ಇಡ್ದಿರ್ನಿಲ್ಲ. ನನ್ ಜೋಬ್ನಲ್ಲೂ ಫೋನಿತ್ತು. ನೀವ್ ಮಾಡ್ಲಿ ಅಂತ ನಾನೂ ಉರ್ಳು ಬಿಚ್ತಾ ಕೂತೆ. ಜೈಲ್ನಲ್ಲಿ ಕಣ್ ಮುಚ್ಚುದ್ರೆ ಅದು ಅಂಗೇ ಕೂತ್ಕಂಡು ನೋಡ್ತಾ ಇರದು. ನಮ್ ಮೂರ್ ಜನ್ದಲ್ಲಿ ಯಾರ್ ಬತ್ತಾರೆ ಅಂತ.”

ಅಷ್ಟರಲ್ಲಿ ಒಳಗಿನಿಂದ ಕರೆ ಬಂತು: “ಒಂದನೇ ಆರೋಪಿ ಬೈರಯ್ಯ!”

ಬೈರಯ್ಯ ಎದ್ದ. ಪುಟ್ಟರಾಜುವೂ ಧಡಕ್ಕನೆ ಎದ್ದು ಅವನಿಗಿಂತ ಮುಂದೆ ಬಾಗಿಲಿಗೆ ಹೋದ. “ನಾನು ಸಾ, ಮದ್ಲು ನಾನು. ಒಂದನೇದು ನನ್ನ ಮಾಡ್ಕಳಿ,” ಎಂದ. ಬಾಗಿಲಲ್ಲಿದ್ದ ಜವಾನ ಕೈಯಲ್ಲಿದ್ದ ಹಾಳೆ ನೋಡಿದ.

“ನೀವು ಎರಡನೆಯವರು ಕಣ್ರೀ. ಆಮೇಲೆ ಬಂದೋರು ಆಮೇಲೆ. ಕರೀತೀವಿ, ಹೋಗಿ ಕೂತ್ಕೊಳ್ಳಿ.”

ಬೈರಯ್ಯ ಅವನನ್ನು ದಾಟಿಕೊಂಡು ಒಳಗೆ ಹೋದ. ಪುಟ್ಟರಾಜು ಹಿಂದಕ್ಕೆ ಬಂದು ಬೆಂಚಿನ ಮೇಲೆ ಕೂತ.